ವಿ.ಕೃ. ಗೋಕಾಕರ ಪುಸ್ತಕಗಳು: ಪದೇ ಪದೇ ಕೇಳುವ ಪ್ರಶ್ನೆಗಳು

ಗೋಕಾಕರ ಮಾತು ಬಂದಾಗಲೆಲ್ಲ ಕೆಲವು ಪ್ರಶ್ನೆಗಳು ತಿರುಗಿ ತಿರುಗಿ ಬರುತ್ತವೆ. ಕೆಲವನ್ನು ಕಾಲೇಜು ಹುಡುಗರು ಕೇಳುತ್ತಾರೆ, ಕೆಲವು ಪತ್ರದಲ್ಲಿ ಬರುತ್ತವೆ, ಕೆಲವು ಊಟದ ಹೊತ್ತಿನ ಹರಟೆಯಲ್ಲಿ ಹುಟ್ಟುತ್ತವೆ. ಅವನ್ನೆಲ್ಲ ಕೇಳಿದವರ ಮಾತಿನಲ್ಲೇ ಇಲ್ಲಿ ಇಟ್ಟಿದ್ದೇನೆ. ಗೋಕಾಕರ ಹೆಸರು ಗೊತ್ತಿಲ್ಲದ ಕನ್ನಡಿಗರು ಕಡಿಮೆ, ಅವರ ಒಂದು ಪುಟ ಓದಿದವರು ಅದಕ್ಕಿಂತಲೂ ಕಡಿಮೆ. ಇದು ಬದಲಾಗಬೇಕು ಅನ್ನುವುದೇ ನನ್ನ ಆಸೆ.

### ಮೊದಲು ಕೇಳುವವು

ಗೋಕಾಕ್ ಚಳವಳಿ ಅಂತಾರಲ್ಲ, ಆ ಗೋಕಾಕರೂ ಈ ಕವಿ ಗೋಕಾಕರೂ ಒಬ್ಬರೇನಾ?

ಹೌದು, ಒಬ್ಬರೇ. ಶಾಲೆಯಲ್ಲಿ ಮಕ್ಕಳು ಪ್ರಥಮ ಭಾಷೆಯಾಗಿ ಯಾವುದನ್ನು ಕಲಿಯಬೇಕು ಎಂಬ ತಕರಾರು ಎದ್ದಾಗ ಸರ್ಕಾರ 1980ರ ಜುಲೈನಲ್ಲಿ ಒಂದು ಸಮಿತಿ ಮಾಡಿತು. ಅದರ ಅಧ್ಯಕ್ಷರು ಗೋಕಾಕರು. ಕನ್ನಡವನ್ನೇ ಓದದೆ, ಸಂಸ್ಕೃತವನ್ನು ಪ್ರಥಮ ಭಾಷೆಯಾಗಿ ತೆಗೆದುಕೊಂಡು ಹೈಸ್ಕೂಲು ಮುಗಿಸುವ ದಾರಿ ಆಗ ಇತ್ತು. 1981ರ ಜನವರಿಯಲ್ಲಿ ಸಮಿತಿ ವರದಿ ಕೊಟ್ಟಿತು. ಪ್ರೌಢಶಾಲೆಯಲ್ಲಿ ಕನ್ನಡವೊಂದೇ ಪ್ರಥಮ ಭಾಷೆಯಾಗಿರಬೇಕು ಎಂಬುದು ಅದರ ಮುಖ್ಯ ಮಾತು. ಸರ್ಕಾರ ಅದನ್ನು ಒಪ್ಪಲು ಹಿಂದುಮುಂದು ನೋಡಿದಾಗ ಸಾಹಿತಿಗಳು ಬೀದಿಗಿಳಿದರು. 1982ರಲ್ಲಿ ಡಾ. ರಾಜ್‌ಕುಮಾರ್ ಬಂದ ಮೇಲೆ ಅದು ಊರೂರಿಗೆ ಹಬ್ಬಿತು.

ಒಂದು ವಿಷಯ ನೆನಪಿರಲಿ. ಗೋಕಾಕರು ವರದಿ ಬರೆದರು, ಚಳವಳಿ ಕಟ್ಟಿದವರು ಬೇರೆಯವರು. ಅಷ್ಟು ಹೊತ್ತಿಗೆ ಅವರಿಗೆ ಎಪ್ಪತ್ತು ದಾಟಿತ್ತು, ಅವರ ಹೆಚ್ಚಿನ ಪುಸ್ತಕಗಳು ಬಂದಾಗಿತ್ತು.

ಅವರು ಗೋಕಾಕ ಊರಿನವರಾ? ‘ವಿನಾಯಕ’ ಅಂತ ಪುಸ್ತಕದ ಮೇಲೆ ಇರೋದು ಇವರೇನಾ?

ಗೋಕಾಕ ಎಂಬುದು ಮನೆತನದ ಹೆಸರು. ವಿನಾಯಕ ಕೃಷ್ಣ ಗೋಕಾಕರು ಹುಟ್ಟಿದ್ದು 1909ರ ಆಗಸ್ಟ್ 9ರಂದು, ಸವಣೂರಿನಲ್ಲಿ. ವೀಳ್ಯದೆಲೆಗೆ ಹೆಸರಾದ, ನವಾಬರು ಆಳಿದ ಊರು ಅದು, ಈಗ ಹಾವೇರಿ ಜಿಲ್ಲೆಯಲ್ಲಿದೆ. ಓದಿದ್ದು ಧಾರವಾಡದಲ್ಲಿ. ಅಲ್ಲಿ ಬೇಂದ್ರೆಯವರ ಸುತ್ತ ಸೇರಿದ್ದ ಗೆಳೆಯರ ಗುಂಪಿಗೆ ಬಂದರು. ಶಂಬಾ ಜೋಶಿ, ಬೆಟಗೇರಿ ಕೃಷ್ಣಶರ್ಮ, ರಂ.ಶ್ರೀ. ಮುಗಳಿ ಇವರೆಲ್ಲ ಆ ಗುಂಪಿನವರೇ. ಕವಿತೆಗೆ ಅವರು ಇಟ್ಟುಕೊಂಡ ಹೆಸರು ‘ವಿನಾಯಕ’. 1992ರ ಏಪ್ರಿಲ್ 28ರಂದು ಮುಂಬಯಿಯಲ್ಲಿ ತೀರಿಕೊಂಡರು.

ಇಂಗ್ಲಿಷ್ ಪ್ರೊಫೆಸರ್ ಆಗಿದ್ದವರು ಕನ್ನಡವೇ ಪ್ರಥಮ ಭಾಷೆ ಅಂತ ಹೇಗೆ ಹೇಳಿದರು? ಇದು ವಿರೋಧ ಅಲ್ವಾ?

ಈ ಪ್ರಶ್ನೆ ಬಹಳ ಸಲ ಬಂದಿದೆ. ಗೋಕಾಕರು ಜೀವನಪೂರ್ತಿ ಇಂಗ್ಲಿಷ್ ಪಾಠ ಮಾಡಿದರು, ನಿಜ. ಆಕ್ಸ್‌ಫರ್ಡಿನಲ್ಲಿ ಪ್ರಥಮ ದರ್ಜೆ ಪಡೆದು ಬಂದರು. ಪುಣೆಯ ಫರ್ಗ್ಯುಸನ್ ಕಾಲೇಜು, ಸಾಂಗಲಿಯ ವಿಲಿಂಗ್ಡನ್ ಕಾಲೇಜು, ಗುಜರಾತಿನ ವೀಸನಗರ, ಕೊಲ್ಹಾಪುರ, ಧಾರವಾಡದ ಕರ್ನಾಟಕ ಕಾಲೇಜು, ಹೀಗೆ ಊರಿಂದ ಊರಿಗೆ ಹೋದರು. ಹೈದರಾಬಾದಿನ ಕೇಂದ್ರೀಯ ಇಂಗ್ಲಿಷ್ ಸಂಸ್ಥೆಯ ನಿರ್ದೇಶಕರಾಗಿದ್ದರು. ಭಾರತದ ಮೇಷ್ಟ್ರುಗಳಿಗೆ ಇಂಗ್ಲಿಷ್ ಕಲಿಸುವ ಬಗೆಯನ್ನು ಹೇಳಿಕೊಡಲೆಂದೇ ಹುಟ್ಟಿದ ಸಂಸ್ಥೆ ಅದು.

ಆದರೆ ಇಂಗ್ಲಿಷನ್ನು ಚೆನ್ನಾಗಿ ಕಲಿಸಬೇಕು ಅನ್ನುವುದೂ ಕನ್ನಡ ಮೊದಲು ಬರಬೇಕು ಅನ್ನುವುದೂ ಒಂದಕ್ಕೊಂದು ಅಡ್ಡ ಬರುವ ಮಾತುಗಳಲ್ಲ. ಭಾಷೆ ಕಲಿಸುವ ಕೆಲಸವನ್ನೇ ಮಾಡಿದವರಿಗೆ, ಸುತ್ತಲಿನ ನೆಲದ ಭಾಷೆಯಲ್ಲಿ ಗಟ್ಟಿಯಾಗದ ಮಗು ಇನ್ನೊಂದರಲ್ಲೂ ತಡವರಿಸುತ್ತದೆ ಎಂಬುದು ಬೇರೆಯವರಿಗಿಂತ ಚೆನ್ನಾಗಿ ಕಾಣುತ್ತದೆ. ಇಂಗ್ಲಿಷ್ ಗೊತ್ತಿಲ್ಲದವರು ಈ ಮಾತು ಹೇಳಿದ್ದರೆ ಅಸೂಯೆ ಅಂತ ತಳ್ಳಿಹಾಕುತ್ತಿದ್ದರೇನೋ. ಗೋಕಾಕರನ್ನು ಹಾಗೆ ತಳ್ಳಲು ಆಗಲಿಲ್ಲ.

ಜ್ಞಾನಪೀಠ ಬಂದಿದ್ದು ಯಾವ ಪುಸ್ತಕಕ್ಕೆ?

1990ನೇ ಸಾಲಿನ ಪ್ರಶಸ್ತಿ, ಒಟ್ಟು ಸಾಹಿತ್ಯ ಸೇವೆಗೆ. ಕುವೆಂಪು, ಬೇಂದ್ರೆ, ಕಾರಂತ, ಮಾಸ್ತಿ ಇವರ ನಂತರ ಕನ್ನಡಕ್ಕೆ ಬಂದ ಐದನೆಯದು. ‘ಭಾರತ ಸಿಂಧುರಶ್ಮಿ’ಗೆ ಬಂತು ಅಂತ ಕೆಲವು ಕಡೆ ಬರೆದಿರುತ್ತಾರೆ. ಆ ಮಹಾಕಾವ್ಯದ ತೂಕ ಅದರಲ್ಲಿ ಇದ್ದೇ ಇದೆ, ಆದರೂ ಒಂದೇ ಪುಸ್ತಕಕ್ಕೆ ಕೊಟ್ಟದ್ದಲ್ಲ. ಒಂದೇ ಪುಸ್ತಕಕ್ಕೆ ಬಂದದ್ದು 1960ರ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ, ‘ದ್ಯಾವಾ-ಪೃಥಿವೀ’ ಕವನ ಸಂಕಲನಕ್ಕೆ. ಮುಂದೆ 1983ರಿಂದ ಅದೇ ಅಕಾಡೆಮಿಯ ಅಧ್ಯಕ್ಷರೂ ಆದರು.

### ಓದಲು ಹೊರಟವರು ಕೇಳುವವು

ಇಷ್ಟೊಂದು ಪುಸ್ತಕ ಇದೆಯಲ್ಲ, ಯಾವುದರಿಂದ ಶುರು ಮಾಡಲಿ?

‘ಸಮುದ್ರ ಗೀತೆಗಳು’. ಎರಡು ಮಾತಿಲ್ಲ.

ಬಹಳ ಜನ ಮಹಾಕಾವ್ಯಕ್ಕೆ ಕೈ ಹಾಕುತ್ತಾರೆ, ಐವತ್ತು ಪುಟಕ್ಕೆ ಸುಸ್ತಾಗುತ್ತಾರೆ, ಗೋಕಾಕರು ಕಷ್ಟ ಅಂತ ಪುಸ್ತಕ ಮುಚ್ಚಿಡುತ್ತಾರೆ. ಸಮುದ್ರದಿಂದ ಶುರು ಮಾಡಿದರೆ ಹಾಗಾಗುವುದಿಲ್ಲ. ಅಲ್ಲಿಂದ ಪ್ರವಾಸದ ಪುಸ್ತಕ ‘ಸಮುದ್ರದಾಚೆಯಿಂದ’ಕ್ಕೆ ಹೋಗಿ. ಆಮೇಲೆ ‘ನವ್ಯ ಕವಿತೆಗಳು’, ‘ದ್ಯಾವಾ-ಪೃಥಿವೀ’. ಮಹಾಕಾವ್ಯ ಕೊನೆಗೆ. ಗೋಕಾಕರ ಕಣ್ಣು ಕಡಲಿಂದ ಆಕಾಶಕ್ಕೆ, ಆಕಾಶದಿಂದ ಭೂಮಿಗೆ, ಭೂಮಿಯಿಂದ ನಾಡಿನ ಹಳೆಯ ಕಾಲಕ್ಕೆ ತಿರುಗಿದ್ದು ಈ ಸಾಲಿನಲ್ಲಿ ಓದಿದರೆ ತಾನಾಗಿ ಕಾಣುತ್ತದೆ.

‘ಸಮುದ್ರ ಗೀತೆಗಳು’ ಅಂಥ ದೊಡ್ಡ ಪುಸ್ತಕನಾ? ಸಮುದ್ರದ ಮೇಲೆ ಎಲ್ಲರೂ ಬರೀತಾರಲ್ಲ?

ಈಗ ಎಲ್ಲರೂ ಬರೆಯುತ್ತಾರೆ. 1940ರಲ್ಲಿ ಈ ಪುಸ್ತಕ ಬಂದಾಗ ಹಾಗಿರಲಿಲ್ಲ.

ಹಳೆಯ ಕನ್ನಡ ಕಾವ್ಯದಲ್ಲಿ ಸಮುದ್ರ ಇತ್ತು, ಅಷ್ಟಾದಶ ವರ್ಣನೆಯ ಒಂದು ಭಾಗವಾಗಿ. ಮಹಾಕಾವ್ಯ ಬರೆಯುವ ಕವಿ ನಗರ, ಪರ್ವತ, ಋತು, ಚಂದ್ರೋದಯ ಅಂತ ಹದಿನೆಂಟನ್ನು ವರ್ಣಿಸಬೇಕು, ಅದರಲ್ಲಿ ಸಮುದ್ರವೂ ಒಂದು. ಬಹಳ ಕಡೆ ಅದು ಪುಸ್ತಕದಿಂದ ಪುಸ್ತಕಕ್ಕೆ ಬಂದ ಸಮುದ್ರ: ರತ್ನಗಳಿರುತ್ತವೆ, ಮೊಸಳೆಗಳಿರುತ್ತವೆ, ಮಂದರ ಪರ್ವತದ ನೆನಪಿರುತ್ತದೆ. ಒಬ್ಬ ಮನುಷ್ಯ ಹಡಗಿನ ಕಟಕಟೆ ಹಿಡಿದು ನಿಂತು ದಿನಗಟ್ಟಲೆ ನೋಡಿದ ನೀರು ಅಲ್ಲಿ ಸಿಗುವುದು ಅಪರೂಪ.

ಗೋಕಾಕರು ಬಯಲುಸೀಮೆಯವರು. ಧಾರವಾಡದಿಂದ ಕಡಲಿಗೆ ಹೋಗಬೇಕಾದರೆ ಘಟ್ಟ ಇಳಿಯಬೇಕು. ಅಂಥವರು 1930ರ ದಶಕದ ಕೊನೆಗೆ ಓದಲು ಇಂಗ್ಲೆಂಡಿಗೆ ಹಡಗು ಹತ್ತಿದರು. ಅರಬ್ಬೀ ಸಮುದ್ರ, ಕೆಂಪು ಸಮುದ್ರ, ಸೂಯೆಜ್ ಕಾಲುವೆ, ಮೆಡಿಟರೇನಿಯನ್. ವಾರಗಟ್ಟಲೆ ಸುತ್ತ ನೀರು ಬಿಟ್ಟರೆ ಬೇರೇನಿಲ್ಲ. ಈ ಅನುಭವ ಹಳೆಯ ಛಂದಸ್ಸಿನ ಅಳತೆಯಲ್ಲಿ ಕೂರಲಿಲ್ಲ. ಐದೈದು ಮಾತ್ರೆಯ ಗಣ ಎಣಿಸಿಕೊಂಡು ಹೋದರೆ ಸಾಲು ಒಂದೇ ಹೆಜ್ಜೆಯಲ್ಲಿ ನಡೆಯುತ್ತದೆ. ಅಲೆ ಹಾಗೆ ಬರುವುದಿಲ್ಲ, ಒಂದು ಚಿಕ್ಕದು, ಇನ್ನೊಂದು ಉದ್ದ, ಮತ್ತೊಂದು ನಡುವೆಯೇ ಒಡೆಯುತ್ತದೆ. ಅದಕ್ಕೇ ಅವರು ಗಣದ ಲೆಕ್ಕವಿಲ್ಲದ ಮುಕ್ತಛಂದಕ್ಕೆ ಹೋದರು. ಸಾಲು ಎಷ್ಟುದ್ದ ಇರಬೇಕು ಅಂತ ಹೇಳುವುದು ಆ ಸಾಲಿನ ಉಸಿರು.

ಈ ಪುಸ್ತಕವನ್ನು ಜೋರಾಗಿ ಓದಬೇಕು. ಕಣ್ಣಲ್ಲೇ ಓದಿದರೆ ಇದರ ಅರ್ಧ ಕಳೆದುಹೋಗುತ್ತದೆ. ಮೌನವಾಗಿ ಓದಿದಾಗ ಗದ್ಯದಂತೆ ಸಪ್ಪೆ ಅನಿಸಿದ ಸಾಲುಗಳು ಬಾಯಿಬಿಟ್ಟು ಓದಿದಾಗ ಎದ್ದು ನಿಲ್ಲುತ್ತವೆ. ಮಾತು ಅಲ್ಲಲ್ಲಿ ಸಂಸ್ಕೃತದ ಕಡೆ ವಾಲುತ್ತದೆ, ಅದು ಆ ಕಾಲದ ಗುಣ. ಅದನ್ನು ದಾಟಿ ಹೋಗಿ.

ಪ್ರವಾಸದ ಪುಸ್ತಕ ಈಗ ಓದಿದರೆ ಹಳತು ಅನ್ಸಲ್ವಾ? ಈಗ ಎಲ್ಲರೂ ಫಾರಿನ್ನಿಗೆ ಹೋಗ್ತಾರೆ.

ಮಾಹಿತಿಗೆ ಓದಿದರೆ ಹಳತೇ. ಅವರು ಕಂಡ ಇಂಗ್ಲೆಂಡ್ ಎರಡನೇ ಮಹಾಯುದ್ಧಕ್ಕೆ ಮುಂಚಿನದು. ಆದರೆ ‘ಸಮುದ್ರದಾಚೆಯಿಂದ’ ಓದಬೇಕಾದ ಕಾರಣ ಬೇರೆ. ಆಳಿಸಿಕೊಳ್ಳುತ್ತಿದ್ದ ದೇಶದ ಯುವಕನೊಬ್ಬ ಆಳುವವರ ಊರಿಗೆ ಹೋಗಿ, ಅವರದೇ ಸಾಹಿತ್ಯವನ್ನು ಅವರದೇ ವಿಶ್ವವಿದ್ಯಾಲಯದಲ್ಲಿ ಓದುತ್ತಿದ್ದಾನೆ. ಆ ಸಾಹಿತ್ಯದ ಮೇಲೆ ಅವನಿಗೆ ನಿಜವಾದ ಪ್ರೀತಿ. ತನ್ನ ನಾಡಿನ ಮೇಲೂ ಅಷ್ಟೇ ಪ್ರೀತಿ. ಈ ಎರಡನ್ನೂ ಒಟ್ಟಿಗೆ ಹಿಡಿದುಕೊಂಡು ಬಾಳುವುದು ಹೇಗೆ? ಈ ಪ್ರಶ್ನೆ ಇವತ್ತು ಡಬ್ಲಿನ್ನಿಗೋ ಡಲ್ಲಾಸಿಗೋ ಓದಲು ಹೋಗುವ ಕನ್ನಡದ ಹುಡುಗ ಹುಡುಗಿಯರಿಗೂ ಇದೆ, ಅಲ್ವಾ?

ಕನ್ನಡದಲ್ಲಿ ಪ್ರವಾಸ ಸಾಹಿತ್ಯ ಆಗ ಇನ್ನೂ ಚಿಕ್ಕದಿತ್ತು. ವಿ.ಸೀ.ಯವರ ‘ಪಂಪಾ ಯಾತ್ರೆ’ ಹಂಪಿಯ ದಾರಿ ತೋರಿಸಿತ್ತು. ಗೋಕಾಕರು ದೂರದ ದಾರಿಗೆ ಬಾಗಿಲು ತೆಗೆದರು. ಆಮೇಲೆ ಬರೆದ ‘ಇಂದಿಲ್ಲ ನಾಳೆ’ಯೂ ಪ್ರವಾಸದ ಪುಸ್ತಕವೇ. ನನಗೆ ಮೊದಲನೆಯದೇ ಹೆಚ್ಚು ಇಷ್ಟ. ಅದರಲ್ಲಿ ಬರೆಯುವವನಿಗೆ ಇನ್ನೂ ಹೆಸರು ಬಂದಿಲ್ಲ, ಬೆರಗು ಇದೆ.

ನಾಟಕಾನೂ ಬರೆದಿದ್ದಾರಂತೆ. ಯಾರೂ ಆಡಿದ್ದು ನೋಡಿಲ್ಲವಲ್ಲ?

‘ಜನನಾಯಕ’, ‘ಯುಗಾಂತರ’, ‘ವಿಮರ್ಶಕ ವೈದ್ಯ’ ಇವು ಅವರ ನಾಟಕಗಳು. ರಂಗದ ಮೇಲೆ ಇವು ನಿಲ್ಲಲಿಲ್ಲ ಅನ್ನುವುದು ನಿಜ. ಅದೇ ಕಾಲಕ್ಕೆ ಅದೇ ಧಾರವಾಡದಲ್ಲಿ ಶ್ರೀರಂಗರು ನಾಟಕ ಬರೆಯುತ್ತಿದ್ದರು. ಶ್ರೀರಂಗರಿಗೆ ನಟ, ರಂಗ, ಪ್ರೇಕ್ಷಕ ಮೂರೂ ಕಣ್ಣ ಮುಂದಿದ್ದವು. ಗೋಕಾಕರಿಗೆ ನಾಟಕ ಅಂದರೆ ಎರಡು ವಿಚಾರಗಳು ಎದುರುಬದುರು ಕೂತು ಮಾತಾಡುವ ಜಾಗ. ಓದಲು ಅದು ಚೆನ್ನಾಗಿಯೇ ಇರುತ್ತದೆ. ಆಡಲು ಹೊರಟರೆ ಮಾತು ಜಾಸ್ತಿ, ನಡೆ ಕಡಿಮೆ. ನಾಟಕದಿಂದ ಗೋಕಾಕರನ್ನು ಅಳೆಯಬೇಡಿ, ಅವರ ಶಕ್ತಿ ಅಲ್ಲಿಲ್ಲ.

ಕಾದಂಬರಿ?

‘ಸಮರಸವೇ ಜೀವನ’. ‘ಇಜ್ಜೋಡು’ ಇದರದೇ ಭಾಗ. ಬಹಳ ದೊಡ್ಡದು, ವರ್ಷಗಳ ಕಾಲ ಬರೆದದ್ದು. ಸ್ವಾತಂತ್ರ್ಯಕ್ಕೆ ಮುಂಚಿನ ಓದಿದ ಯುವಕರು ಪ್ರೀತಿ, ಮದುವೆ, ದೇಶ ಇವನ್ನು ಹೇಗೆ ಯೋಚಿಸುತ್ತಿದ್ದರು ಅಂತ ತಿಳಿಯಬೇಕಾದರೆ ಒಳ್ಳೆಯದು. ರಜೆಯಲ್ಲಿ ಹಿಡಿಯಿರಿ.

ಪುಸ್ತಕಗಳೇ ಸಿಗಲ್ಲ, ಎಲ್ಲಿ ಹುಡುಕೋದು?

ಹೊಸ ಪುಸ್ತಕದ ಅಂಗಡಿಯಲ್ಲಿ ಕೆಲವು ಮಾತ್ರ ಸಿಗುತ್ತವೆ. ಜಿಲ್ಲಾ ಗ್ರಂಥಾಲಯ, ಹಳೆಯ ಕಾಲೇಜುಗಳ ಗ್ರಂಥಾಲಯ, ಬೆಂಗಳೂರಿನ ಅವೆನ್ಯೂ ರಸ್ತೆಯಂಥ ಹಳೆ ಪುಸ್ತಕದ ಜಾಗ, ಇಲ್ಲೆಲ್ಲ ನೋಡಿ. ಹಳೆಯ ಕನ್ನಡ ಪುಸ್ತಕಗಳನ್ನು ಸ್ಕ್ಯಾನ್ ಮಾಡಿ ಇಂಟರ್‌ನೆಟ್ಟಿನಲ್ಲಿ ಇಟ್ಟಿರುವ ಡಿಜಿಟಲ್ ಲೈಬ್ರರಿಗಳಲ್ಲೂ ಹುಡುಕಬಹುದು. ಪಟ್ಟಿಯಲ್ಲಿ ‘ಗೋಕಾಕ’ ಎಂದು ಸಿಗದಿದ್ದರೆ ‘ವಿನಾಯಕ’ ಎಂದು ಹುಡುಕಿ. ಕವಿತೆಯ ಪುಸ್ತಕಗಳು ಆ ಹೆಸರಿನಡಿ ಸೇರಿಕೊಂಡಿರುತ್ತವೆ.

### ಓದಿದವರು ಕೇಳುವವು

ನವ್ಯ ಕಾವ್ಯ ಶುರು ಮಾಡಿದ್ದು ಅಡಿಗರಲ್ವಾ? ಗೋಕಾಕರ ಹೆಸರು ಯಾಕೆ ಬರುತ್ತೆ?

ಹೆಸರಿಟ್ಟು ಕರೆದವರು ಗೋಕಾಕರು. ನವೋದಯದ, ಅಂದರೆ ಕುವೆಂಪು, ಬೇಂದ್ರೆಯವರ ಕಾಲದ ಕಾವ್ಯದ, ದಾರಿ ಮುಗಿಯುತ್ತಿದೆ, ಇನ್ನು ಬೇರೆ ಥರದ ಕಾವ್ಯ ಬರಬೇಕು ಅಂತ ಅವರು 1950ರ ಹೊತ್ತಿಗೆ ಗಟ್ಟಿಯಾಗಿ ಹೇಳಿದರು. ಅದೇ ವರ್ಷ ‘ನವ್ಯ ಕವಿತೆಗಳು’ ಸಂಕಲನ ಬಂತು. ಆಡುಮಾತು, ನಗರದ ಬದುಕು, ಮುಕ್ತಛಂದ ಎಲ್ಲ ಅದರಲ್ಲಿದೆ.

ಕವಿ ಗೋಪಾಲಕೃಷ್ಣ ಅಡಿಗರ ‘ಚಂಡೆಮದ್ದಳೆ’ 1954ರದು, ‘ಭೂಮಿಗೀತ’ 1959ರದು. ಆ ಎರಡು ಪುಸ್ತಕ ಬಂದ ಮೇಲೆ ನವ್ಯ ಅಂದರೆ ಅಡಿಗರು ಅನ್ನುವಂತಾಯಿತು, ಅದು ಸರಿಯಾದದ್ದೇ. ಯಾಕೆಂದರೆ ಗೋಕಾಕರ ನವ್ಯದಲ್ಲಿ ಹೊಸ ರೂಪ ಇದೆ, ಒಳಗಿನ ನಂಬಿಕೆ ಹಳೆಯದೇ. ಜಗತ್ತು ಕೊನೆಗೆ ಒಳ್ಳೆಯ ಕಡೆಗೇ ಹೋಗುತ್ತದೆ ಎಂಬ ಭರವಸೆಯನ್ನು ಅವರು ಬಿಡಲಿಲ್ಲ. ಅಡಿಗರು ಆ ಭರವಸೆಯನ್ನೇ ಪರೀಕ್ಷೆಗೆ ಒಡ್ಡಿದರು. ಸ್ವಾತಂತ್ರ್ಯ ಬಂದ ಮೇಲಿನ ನಿರಾಸೆಗೆ ಬೇಕಾದ ಮಾತು ಅಡಿಗರ ಹತ್ತಿರ ಸಿಕ್ಕಿತು. ಗೋಕಾಕರು ಬಾಗಿಲ ಚಿಲಕ ತೆಗೆದರು, ಒಳಗೆ ಹೋಗಿ ದೀಪ ಹಚ್ಚಿದವರು ಅಡಿಗರು. ಚಿಲಕ ತೆಗೆದವರನ್ನು ಮರೆಯಬೇಕಿಲ್ಲ.

‘ದ್ಯಾವಾ-ಪೃಥಿವೀ’ ಹೆಸರು ನೋಡಿದ್ರೇ ಭಯ ಆಗುತ್ತೆ. ಒಳಗೇನಿದೆ?

ದ್ಯಾವಾ ಅಂದರೆ ಆಕಾಶ, ಪೃಥಿವೀ ಅಂದರೆ ಭೂಮಿ. ಋಗ್ವೇದದಲ್ಲಿ ಈ ಇಬ್ಬರೂ ಜೋಡಿ ದೇವತೆಗಳು, ಎಲ್ಲರ ತಂದೆ ತಾಯಿ. ಪುಸ್ತಕದಲ್ಲೂ ‘ನೀರದ’, ‘ಇಳಾಗೀತ’ ಅಂತ ಎರಡು ಭಾಗ. ಮೊದಲನೆಯದು ಮೋಡದ್ದು. ಮೋಡವನ್ನು ನೆಲದ ಮೇಲೆ ನಿಂತು ಮೇಲೆ ನೋಡುವುದು ಕಾಳಿದಾಸನ ಕಾಲದಿಂದ ಇದ್ದದ್ದೇ. ಇಲ್ಲಿ ವಿಮಾನದ ಕಾಲದ ಕವಿ ಮೋಡದ ಜೊತೆಗೇ ಹೋಗಿ ನೋಡುತ್ತಾನೆ. ಎರಡನೆಯದು ಭೂಮಿಯ ಹಾಡು. ಇಲ್ಲಿ ನೆಲ, ಕಲ್ಲು, ಜೀವ ಬೆಳೆದು ಬಂದ ಉದ್ದದ ಕಾಲ ಕಣ್ಣ ಮುಂದೆ ಹಾಯುತ್ತದೆ. ವಿಜ್ಞಾನದ ತಿಳುವಳಿಕೆಯನ್ನು ಕವಿತೆಯಲ್ಲಿ ತರಲು ಹೆದರದವರು ಗೋಕಾಕರು. ಹೆಸರಿಗೆ ಹೆದರದೆ ‘ನೀರದ’ದ ಮೊದಲ ಕೆಲವು ಕವಿತೆ ಓದಿ ನೋಡಿ.

‘ಭಾರತ ಸಿಂಧುರಶ್ಮಿ’ ಇತಿಹಾಸನಾ, ಪುರಾಣನಾ? ಇದನ್ನ ನಂಬಬಹುದಾ?

1982ರಲ್ಲಿ ಬಂದ ಈ ಮಹಾಕಾವ್ಯ ವೇದದ ಕಾಲದ ಕಥೆ. ಸುಮಾರು 35,000 ಸಾಲು, 12 ಖಂಡ. ನಡುವೆ ನಿಂತಿರುವವನು ವಿಶ್ವಾಮಿತ್ರ. ರಾಜನಾಗಿದ್ದವನು ಋಷಿಯಾದ ಕಥೆ ಎಲ್ಲರಿಗೂ ಗೊತ್ತು. ಗೋಕಾಕರು ಅದಕ್ಕೆ ಋಗ್ವೇದದ ದಾಶರಾಜ್ಞ ಯುದ್ಧವನ್ನು ಸೇರಿಸುತ್ತಾರೆ. ಭರತ ಕುಲದ ಸುದಾಸನ ಮೇಲೆ ಹತ್ತು ರಾಜರು ಕೂಡಿ ಬಂದು ಪರುಷ್ಣೀ ನದಿಯ ಹತ್ತಿರ ಸೋತ ಯುದ್ಧ ಅದು. ಆ ನದಿಯೇ ಇವತ್ತಿನ ರಾವಿ. ಋಗ್ವೇದದ ಹತ್ತು ಭಾಗಗಳನ್ನು ಮಂಡಲ ಅನ್ನುತ್ತಾರೆ, ಏಳನೇ ಮಂಡಲದಲ್ಲಿ ಇದರ ಮಾತಿದೆ, ಅದು ವಸಿಷ್ಠರ ಮಂಡಲ. ಮೂರನೆಯದು ವಿಶ್ವಾಮಿತ್ರರದು. ಗಾಯತ್ರಿ ಮಂತ್ರ ಇರುವುದೂ ಅಲ್ಲೇ.

ಹಾಗಾಗಿ ಹಿನ್ನೆಲೆಗೆ ಆಧಾರ ಇದೆ. ಆದರೆ ಇದು ಇತಿಹಾಸದ ಪಾಠಪುಸ್ತಕ ಅಲ್ಲ. ಆರ್ಯರು, ದಸ್ಯುಗಳು ಅಂತ ಬೇರೆ ಬೇರೆ ಜನ ಹೊಡೆದಾಡಿ, ಕೊನೆಗೆ ಬೆರೆತು ಒಂದು ನಾಡಾದರು ಎಂಬುದು ಕಾವ್ಯದ ನೋಟ. ಆ ಕಾಲದ ಬಗ್ಗೆ ವಿದ್ವಾಂಸರ ವಾದ ಇವತ್ತಿಗೂ ನಡೆದಿದೆ. ಗೋಕಾಕರಿಗೆ ಮುಖ್ಯವಾದದ್ದು ಬೆರೆಯುವಿಕೆ. ಹಗೆಗಳಾಗಿದ್ದವರು ಹೇಗೆ ಒಂದಾಗಬಹುದು ಎಂಬ ಪ್ರಶ್ನೆಯನ್ನು ಅವರು ತಮ್ಮ ಕಾಲದ ಭಾರತವನ್ನು ನೋಡಿಕೊಂಡೇ ಕೇಳಿದರು. ವಿಶ್ವಾಮಿತ್ರನ ಬಾಯಲ್ಲಿ ಬರುವ ಎಷ್ಟೋ ಮಾತು ಇಪ್ಪತ್ತನೇ ಶತಮಾನದ್ದು. ಅದನ್ನು ತಪ್ಪು ಅನ್ನಬೇಡಿ. ಪಂಪನೂ ಅರ್ಜುನನ ಕಥೆಯಲ್ಲಿ ತನ್ನ ದೊರೆ ಅರಿಕೇಸರಿಯನ್ನು ಇಟ್ಟ.

ಪೂರ್ತಿ ಓದಲೇಬೇಕಾ?

ಬೇಕಿಲ್ಲ. ಒಂದು ದಾರಿ ಹೇಳುತ್ತೇನೆ. ಮೊದಲು ಋಗ್ವೇದದ ಮೂರನೇ ಮಂಡಲದ 33ನೇ ಸೂಕ್ತವನ್ನು ಕನ್ನಡ ಅನುವಾದದಲ್ಲಿ ಓದಿ. ಅಲ್ಲಿ ವಿಶ್ವಾಮಿತ್ರ ವಿಪಾಶ್ ಮತ್ತು ಶುತುದ್ರಿ ನದಿಗಳ ಹತ್ತಿರ ಬಂದು, ದಾಟಲು ದಾರಿ ಬಿಡಿ ಅಂತ ಬೇಡುತ್ತಾನೆ. ನದಿಗಳು ಅವನಿಗೆ ತಿರುಗಿ ಮಾತಾಡುತ್ತವೆ. ಬಿಯಾಸ್ ಮತ್ತು ಸಟ್ಲೆಜ್ ಅಂತ ಇವತ್ತು ಕರೆಯುವ ನದಿಗಳು. ಆ ಒಂದು ಪುಟದ ರುಚಿ ಹತ್ತಿದ ಮೇಲೆ ಮಹಾಕಾವ್ಯದಲ್ಲಿ ವಿಶ್ವಾಮಿತ್ರ ಮತ್ತು ತ್ರಿಶಂಕು ಬರುವ ಭಾಗಗಳನ್ನು ಹಿಡಿಯಿರಿ. ಮೇಲೂ ಹೋಗದೆ ಕೆಳಗೂ ಬೀಳದೆ ನಡುವೆ ಸಿಕ್ಕಿಕೊಂಡ ತ್ರಿಶಂಕುವಿನಲ್ಲಿ ಗೋಕಾಕರು ನಮ್ಮ ಕಾಲದ ಮನುಷ್ಯನನ್ನು ಕಂಡಿದ್ದಾರೆ. ತತ್ತ್ವದ ಉದ್ದುದ್ದ ಭಾಗಗಳು ಭಾರ ಅನಿಸಿದರೆ ಬಿಟ್ಟು ಮುಂದೆ ಹೋಗಿ, ಆಮೇಲೆ ತಿರುಗಿ ಬನ್ನಿ.

ಎಲ್ಲಾ ಕಡೆ ಆಧ್ಯಾತ್ಮ ಬಂದುಬಿಡುತ್ತೆ. ಬೇಂದ್ರೆ, ಅರವಿಂದರ ನೆರಳು ಜಾಸ್ತಿ ಆಯ್ತು ಅನ್ಸಲ್ವಾ?

ಕೆಲವು ಕಡೆ ಅನಿಸುತ್ತದೆ. ಯೋಗಿ, ಕವಿ ಶ್ರೀ ಅರವಿಂದರನ್ನು ಗೋಕಾಕರು ಮನಸಾರೆ ಒಪ್ಪಿದ್ದರು, ಅವರ ಮೇಲೆ ಇಂಗ್ಲಿಷಿನಲ್ಲಿ ಪುಸ್ತಕವನ್ನೂ ಬರೆದರು. ಮನುಷ್ಯ ಇನ್ನೂ ಬೆಳೆಯುತ್ತಿರುವ ಜೀವಿ, ಅವನ ಮನಸ್ಸು ಮೇಲಕ್ಕೆ ಏರಬಲ್ಲದು ಎಂಬ ನಂಬಿಕೆ ಅಲ್ಲಿಂದ ಬಂದದ್ದು. ಕವಿತೆಯಲ್ಲಿ ಈ ನಂಬಿಕೆ ಕಂಡದ್ದರಿಂದ ಹುಟ್ಟಿದಾಗ ಚೆನ್ನಾಗಿರುತ್ತದೆ. ಕಾಣುವ ಮೊದಲೇ ತೀರ್ಮಾನ ಬಂದುಬಿಟ್ಟಾಗ ಕವಿತೆ ಬಡವಾಗುತ್ತದೆ. ಸಮುದ್ರದ ಕವಿತೆಗಳಲ್ಲಿ ಮೊದಲನೆಯದು ಜಾಸ್ತಿ. ಕೊನೆಯ ದಶಕಗಳ ಬರಹದಲ್ಲಿ ಎರಡನೆಯದು ಜಾಸ್ತಿ.

ಬೇಂದ್ರೆಯವರ ವಿಷಯ ಬೇರೆ. ಬೇಂದ್ರೆ ಅವರಿಗೆ ಗುರುವಿನಂತೆ, ಆದರೆ ಕವಿತೆಯ ನಡೆ ಬೇರೆ ಬೇರೆ. ಬೇಂದ್ರೆ ಹಾಡಿನ ಕವಿ, ಧಾರವಾಡದ ಓಣಿಯ ಮಾತು ಅವರಲ್ಲಿ ಕುಣಿಯುತ್ತದೆ. ಗೋಕಾಕರು ಆ ಹಾದಿ ಹಿಡಿಯಲಿಲ್ಲ. ಅಷ್ಟು ದೊಡ್ಡ ಕವಿಯ ಪಕ್ಕದಲ್ಲೇ ಬೆಳೆದು ಅವರ ಧ್ವನಿಯನ್ನು ಎತ್ತಿಕೊಳ್ಳದೆ ಇದ್ದದ್ದು ದೊಡ್ಡ ಸಂಗತಿ.

ಪಿಎಚ್‌ಡಿ ಮಾಡ್ಬೇಕು ಅಂತಿದ್ದೀನಿ. ಗೋಕಾಕರ ಮೇಲೆ ಹೊಸದಾಗಿ ಏನು ಉಳಿದಿದೆ?

ಬೇಕಾದಷ್ಟಿದೆ. ‘ಜೀವನ ಮತ್ತು ಸಾಹಿತ್ಯ’ ಅನ್ನುವ ಥರದ ವಿಷಯ ಮಾತ್ರ ಬೇಡ.

ನನಗೆ ಎಲ್ಲಕ್ಕಿಂತ ಬೇಕೆನಿಸುವುದು ಒಂದೇ ಪ್ರಯಾಣದಿಂದ ಹುಟ್ಟಿದ ಎರಡು ಪುಸ್ತಕಗಳನ್ನು ಅಕ್ಕಪಕ್ಕ ಇಟ್ಟು ಓದುವ ಕೆಲಸ. ‘ಸಮುದ್ರ ಗೀತೆಗಳು’ ಕವಿತೆ, ‘ಸಮುದ್ರದಾಚೆಯಿಂದ’ ಗದ್ಯ. ಯಾವುದನ್ನು ಅವರು ಗದ್ಯಕ್ಕೆ ಬಿಟ್ಟರು, ಯಾವುದಕ್ಕೆ ಕವಿತೆಯೇ ಬೇಕಾಯಿತು?

ಇನ್ನೊಂದು, ಅವರ ಇಂಗ್ಲಿಷ್ ಕೆಲಸ. ಭಾರತೀಯರು ಇಂಗ್ಲಿಷಿನಲ್ಲಿ ಬರೆದ ಕವಿತೆಗಳನ್ನು 1828ರಿಂದ 1965ರವರೆಗೆ ಆರಿಸಿ ಅವರು ಮಾಡಿದ ಸಂಕಲನವನ್ನು ಸಾಹಿತ್ಯ ಅಕಾಡೆಮಿ 1970ರಲ್ಲಿ ತಂದಿತು. ಅದರ ಮುನ್ನುಡಿಯಲ್ಲಿ ಆಗಿನ ಕವಿಗಳನ್ನು ಹೊಸ ಸಂಕೇತವಾದಿಗಳು, ಹೊಸ ಆಧುನಿಕರು ಎಂದು ಎರಡು ಮಾಡುತ್ತಾರೆ. ಇದೇ ಮನುಷ್ಯ ಇಪ್ಪತ್ತು ವರ್ಷ ಮುಂಚೆ ಕನ್ನಡದಲ್ಲಿ ‘ನವ್ಯ’ಕ್ಕೆ ಕರೆ ಕೊಟ್ಟವರು. ಕನ್ನಡದಲ್ಲಿ ಆಧುನಿಕತೆಯನ್ನು ಕೈಹಿಡಿದು ಕರೆದವರು ಇಂಗ್ಲಿಷಿನ ಆಧುನಿಕರ ಬಗ್ಗೆ ಏನನ್ನುತ್ತಾರೆ? ಎರಡು ಭಾಷೆಯನ್ನೂ ಚೆನ್ನಾಗಿ ಬಲ್ಲವರೇ ಇದಕ್ಕೆ ಕೈ ಹಾಕಬೇಕು. ಇಂಗ್ಲಿಷ್ ವಿಭಾಗದವರು ಸಂಕಲನ ಓದುತ್ತಾರೆ, ಕನ್ನಡ ವಿಭಾಗದವರು ‘ನವ್ಯತೆ ಹಾಗೂ ಕಾವ್ಯ ಜೀವನ’ ಓದುತ್ತಾರೆ. ಎರಡನ್ನೂ ಒಂದೇ ಮೇಜಿನ ಮೇಲೆ ಇಟ್ಟುಕೊಂಡವರು ಕಡಿಮೆ. ನೀವು ಇಡುವುದಾದರೆ ಮೊದಲು ಆ ಮುನ್ನುಡಿಯಿಂದ ಶುರು ಮಾಡಿ, ಕವಿತೆಗಳಿಗೆ ಆಮೇಲೆ ಹೋಗಿ.